ಬೀಳುವವನ ಹೆಸರು

(ನಮ್ಮ ಸಂಘದ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣ)



ನನಗೆ ಕೊಟ್ಟ ಸಮಯ ಅರ್ಧ ತಾಸು. ಪ್ರತಿ ವರ್ಷ ನಾನು ಎದ್ದು ನಿಂತರೆ ಪಗಾರ, ರಜೆ, ಬೋನಸ್ಸು ಈ ಮೂರೇ ಮಾತು ಎಂದು ನಮ್ಮವರೇ ಚೇಷ್ಟೆ ಮಾಡುತ್ತಾರೆ. ಆದಕಾರಣ ಇಂದು ಸಿನಿಮಾ ಮತ್ತು ಟೆಲಿವಿಷನ್ನಿನ ವಿಷಯ ಎತ್ತಿಕೊಂಡಿದ್ದೇನೆ. ಇವನು ದಾರಿ ತಪ್ಪಿದ ಎಂದು ಯಾರೂ ಗಾಬರಿಪಡಬೇಡಿ. ಎಲ್ಲಿ ಸುತ್ತಿದರೂ ಕೊನೆಗೆ ನಮ್ಮ ಹಾಜರಿ ಪುಸ್ತಕದ ಹತ್ತಿರವೇ ಬಂದು ನಿಲ್ಲುತ್ತೇನೆ.

ನಾನು ಏಳನೆಯ ತರಗತಿಯವರೆಗೆ ಓದಿದವನು. ಕಲೆಯ ವಿಮರ್ಶೆ ನನ್ನ ಕೆಲಸವಲ್ಲ. ಆದರೆ ಮೊನ್ನೆ ನಮ್ಮ ಚಾಳಿನ ಒಬ್ಬ ಹುಡುಗ ಮೊಬೈಲಿನಲ್ಲಿ ಒಂದು ಹಳೆಯ ಜಪಾನಿ ಧಾರಾವಾಹಿ ನೋಡುತ್ತಿದ್ದ. ಮಿಡತೆಯಂಥ ಮುಖವಾಡ ಹಾಕಿಕೊಂಡ ವೀರನೊಬ್ಬ ಮೋಟಾರ್ ಸೈಕಲ್ಲಿನ ಮೇಲೆ ಬಂದು ರಾಕ್ಷಸರನ್ನು ಬಡಿಯುತ್ತಾನೆ. ಹುಡುಗ ನನ್ನನ್ನು ಕರೆದು, “ಮಾಮಾ, ಇಲ್ಲಿ ನೋಡಿ, ನಿಮ್ಮ ಹಾಗೆ ಒಬ್ಬ ಹೋಟೆಲಿನವನು ಇದ್ದಾನೆ” ಎಂದ. ನೋಡಿದೆ. ನಿಜವಾಗಿಯೂ ಒಬ್ಬ ನಡುವಯಸ್ಸಿನ ಮನುಷ್ಯ, ಕಾಫಿ ಅಂಗಡಿ ನಡೆಸುವವನು. ವೀರನು ಸೋತು ಬಂದರೆ ಧೈರ್ಯ ಹೇಳುತ್ತಾನೆ, ಉಬ್ಬಿ ಬಂದರೆ ಗದರಿಸುತ್ತಾನೆ. ನಮ್ಮ ಅಡಿಗೆ ಮನೆಯ ಹಿರಿಯ ಭಟ್ಟರು ಹೊಸ ಮಾಣಿಯನ್ನು ನೋಡಿಕೊಳ್ಳುವ ಹಾಗೆಯೇ.

ಆ ನಟನ ಹೆಸರೇನು ಎಂದು ಕೇಳಿದೆ. ಹುಡುಗನಿಗೆ ತಿಳಿದಿರಲಿಲ್ಲ. ವೀರನ ಹೆಸರು ಮಾತ್ರ ಬಾಯಿಪಾಠವಾಗಿತ್ತು. ಆ ಮೇಲೆ ಸಂಘದ ಓದಿದ ಹುಡುಗರ ಕೈಯಲ್ಲಿ ಹುಡುಕಿಸಿ ಓದಿಸಿದೆ. ಆ ನಟನ ಹೆಸರು ಅಕಿಜಿ ಕೊಬಾಯಾಶಿ. ಹುಟ್ಟಿದ್ದು 1930ರಲ್ಲಿ, ತೀರಿಕೊಂಡದ್ದು 1996ರಲ್ಲಿ. 1966ರ ಜುಲೈಯಿಂದ 1967ರ ಏಪ್ರಿಲ್‌ವರೆಗೆ ನಡೆದ ‘ಅಲ್ಟ್ರಾಮ್ಯಾನ್’ ಎಂಬ ಧಾರಾವಾಹಿಯ 39 ಕಂತುಗಳಲ್ಲಿ ಆತ ದಳದ ನಾಯಕ ಮುರಮತ್ಸು. 1971ರಲ್ಲಿ ‘ಕಾಮೆನ್ ರೈಡರ್’, ಅಂದರೆ ಮುಖವಾಡದ ಸವಾರ, ಶುರುವಾಯಿತು. ಅದರಲ್ಲಿ ಆತ ತಾಚಿಬಾನಾ ತೋಬೇ. ಕಥೆಯಲ್ಲಿ ಆತನ ಕಾಫಿ ಅಂಗಡಿಯ ಹೆಸರು ‘ಅಮಿಗೊ’. 1975ರವರೆಗೆ ಒಂದರ ಹಿಂದೆ ಒಂದು ಐದು ಧಾರಾವಾಹಿಗಳು ಬಂದವು. ಮುಖವಾಡದ ವೀರರು ಏಳು ಮಂದಿ ಬಂದರು. ಏಳು ಮಂದಿಗೂ ಹಿರಿಯನಾಗಿ ನಿಂತವನು ಈ ಒಬ್ಬನೇ ತಾಚಿಬಾನಾ.

ಇನ್ನೊಂದು ಸಂಗತಿ. 1971ರಲ್ಲಿ, ಧಾರಾವಾಹಿ ಆರಂಭವಾದ ಹೊಸದರಲ್ಲಿಯೇ, ವೀರನ ಪಾತ್ರ ಮಾಡುತ್ತಿದ್ದ ಹಿರೋಶಿ ಫುಜಿಯೋಕಾ ಚಿತ್ರೀಕರಣದಲ್ಲಿ ಮೋಟಾರ್ ಸೈಕಲ್ಲಿನಿಂದ ಬಿದ್ದು ಕಾಲು ಮುರಿದುಕೊಂಡರು. ನಾಯಕನಿಲ್ಲದೆ ಧಾರಾವಾಹಿ ನಿಂತು ಹೋಗಬೇಕಿತ್ತು. ಆಗ ಎರಡನೆಯ ಸವಾರನನ್ನು ತಂದರು. ನೋಡುವ ಮಕ್ಕಳು ಹೊಸಬನನ್ನು ನಂಬಿದರು. ಹಳೆಯ ಮನೆ, ಹಳೆಯ ಯಜಮಾನ ಅಲ್ಲಿಯೇ ಇದ್ದಾಗ ಹೊಸ ಮಾಣಿ ಬಂದರೂ ಗಿರಾಕಿ ತಪ್ಪುವುದಿಲ್ಲವಷ್ಟೆ? ಇದೇ ಕೊಬಾಯಾಶಿಯವರು ಅಮೆರಿಕದ ನಟ ಜಾನ್ ವೇನ್ ಅವರ ಚಿತ್ರಗಳು ಜಪಾನಿ ಭಾಷೆಗೆ ಬಂದಾಗ ಅವರ ಕಂಠವೂ ಆಗಿದ್ದರು. ಮುಖ ಒಬ್ಬರದು, ದನಿ ಮತ್ತೊಬ್ಬರದು.

ಆ ವೀರರ ಪೋಷಾಕಿನ ಒಳಗೆ ಇದ್ದವರ ಕಥೆ ಇನ್ನೂ ಒಂದು ಹೆಜ್ಜೆ ಹಿಂದಿನದು. ಅಲ್ಟ್ರಾಮ್ಯಾನ್ ಪೋಷಾಕಿನಲ್ಲಿ ಬೆವರು ಸುರಿಸಿದವರು ಬಿನ್ ಫುರುಯಾ. ಅವರ ಮುಖ ಯಾರೂ ಕಾಣಲಿಲ್ಲ. ಮುಂದಿನ ‘ಅಲ್ಟ್ರಾಸೆವೆನ್’ ಧಾರಾವಾಹಿಯಲ್ಲಿ ಮಾತ್ರ ಅವರಿಗೆ ಸ್ವಂತ ಮುಖದಿಂದ ಬರುವ ಪಾತ್ರ ಸಿಕ್ಕಿತು. 1954ರ ‘ಗಾಡ್ಜಿಲ್ಲಾ’ ಚಿತ್ರದ ದೈತ್ಯ ಪ್ರಾಣಿಯ ಒಳಗೆ ಇದ್ದವರು ಹರುವೊ ನಕಾಜಿಮಾ. ಸುಡುವ ದೀಪಗಳ ಕೆಳಗೆ, ರಬ್ಬರಿನ ಭಾರವಾದ ಪೋಷಾಕು ಹೊತ್ತು ನಡೆದವರು. 1972ರವರೆಗೆ ಅದೇ ಕೆಲಸ ಮಾಡಿದರು. ಲೋಕವೆಲ್ಲ ಆ ಪ್ರಾಣಿಯನ್ನು ಬಲ್ಲದು. ಹೊತ್ತವರ ಹೆಸರನ್ನು ಬಲ್ಲವರು ಎಷ್ಟು ಮಂದಿ?

ಇದು ದೂರದ ಜಪಾನಿನ ಮಾತಾಯಿತು. ನಮ್ಮವರಿಗೆ ಈ ವಿಷಯ ಹೊಸದೇನೂ ಅಲ್ಲ. ನಮ್ಮ ಕರಾವಳಿಯ ಬಂಧುಗಳು ಯಕ್ಷಗಾನದ ಬಯಲಿನಲ್ಲಿ ರಾತ್ರಿ ಕಳೆದವರು. ಮಹಿಷಾಸುರನ ವೇಷಧಾರಿ ಚೌಕಿಯಲ್ಲಿ ಗಂಟೆಗಟ್ಟಲೆ ಕುಳಿತು ಮುಖಕ್ಕೆ ಬಣ್ಣ ಬಳಿದು ಚುಟ್ಟಿ ಇಡುತ್ತಾನೆ. ಸಭೆಯ ಹಿಂದಿನಿಂದ ದೊಂದಿಯ ಬೆಳಕಿನಲ್ಲಿ ಅವನು ಆರ್ಭಟಿಸಿ ಬಂದಾಗ ನಿದ್ದೆಯಲ್ಲಿದ್ದ ಮಕ್ಕಳು ತಾಯಿಯ ಸೆರಗು ಹಿಡಿಯುತ್ತವೆ. ಅವನು ಹಾಗೆ ಬಾರದಿದ್ದರೆ ದೇವಿಯ ಗೆಲುವಿಗೆ ಏನು ಬೆಲೆ? ನಮ್ಮ ಹಿರಿಯರು ಇದನ್ನು ತಿಳಿದು ಬಣ್ಣದ ವೇಷಧಾರಿಗೆ ಮೇಳದಲ್ಲಿ ಅವನದೇ ಸ್ಥಾನ ಕೊಟ್ಟರು. ‘ಈ ಸಲದ ಬಣ್ಣದ ವೇಷ ಯಾರದು?’ ಎಂದು ಹೆಸರು ಹಿಡಿದು ಕೇಳಿಯೇ ಜನ ಆಟಕ್ಕೆ ಹೋಗುತ್ತಿದ್ದರು. ಈ ಹೆಸರು ಹಿಡಿದು ಕೇಳುವ ಪದ್ಧತಿ ಸಿನಿಮಾಕ್ಕೆ ಬರಲಿಲ್ಲ.

ಈಗ ನಮ್ಮವರೇ ಆದ ಒಬ್ಬರ ವಿಷಯ ಹೇಳುತ್ತೇನೆ. ಅವರು ಎಂ. ಬಿ. ಶೆಟ್ಟರು. ಹಿಂದಿ ಚಿತ್ರಗಳ ಹೆಸರುಪಟ್ಟಿಯಲ್ಲಿ ಬರಿಯ ‘ಶೆಟ್ಟಿ’ ಎಂದು ಬರುತ್ತಿತ್ತು. ಹಿರಿಯರಿಗೆ ಕೂಡಲೇ ನೆನಪಾದೀತು: ಬೋಳು ತಲೆ, ಗೂಳಿಯಂಥ ಹೆಗಲು, ಮಾತು ಕಡಿಮೆ, ನಾಯಕನ ಎದುರಿಗೆ ಬಂದು ನಿಂತರೆ ಸಿನಿಮಾ ಮಂದಿರವೇ ಒಂದು ಕ್ಷಣ ಸುಮ್ಮನಾಗುತ್ತಿತ್ತು. ಅವರು ತುಳುನಾಡಿನಿಂದ ಹುಡುಗನಾಗಿ ಮುಂಬಯಿಗೆ ಬಂದವರು. ಬಂದು ಮಾಡಿದ ಕೆಲಸ ನಿಮ್ಮದು ನನ್ನದೇ. ಹೋಟೆಲಿನಲ್ಲಿ ಗಿರಾಕಿಗಳಿಗೆ ತಿಂಡಿ ತಂದು ಇಡುವ ಕೆಲಸ. ಮೈಯಲ್ಲಿ ಕಸುವಿತ್ತು, ಬಾಕ್ಸಿಂಗ್ ಕಲಿತರು, ಪಂದ್ಯಗಳಲ್ಲಿ ಹೆಸರು ಮಾಡಿದರು. ಅಲ್ಲಿಂದ ಸಿನಿಮಾದ ಹೊಡೆದಾಟಕ್ಕೆ ಹೋದರು. ಮೊದಲು ಹೊಡೆಸಿಕೊಳ್ಳುವವರು, ಆ ಮೇಲೆ ಹೊಡೆದಾಟ ಕಟ್ಟಿ ಕೊಡುವ ಫೈಟ್ ಮಾಸ್ಟರ್, ಜೊತೆಗೇ ನಟರು.

1967ರ ‘ಆನ್ ಈವನಿಂಗ್ ಇನ್ ಪ್ಯಾರಿಸ್’ ಚಿತ್ರದಲ್ಲಿ ಶಮ್ಮಿ ಕಪೂರರ ಎದುರಾಳಿಗಳಲ್ಲಿ ಅವರೊಬ್ಬರು. 1978ರ ‘ಡಾನ್’ ಚಿತ್ರದಲ್ಲಿ ಅವರು ಶಾಕಾಲ್. ಅದೇ ವರ್ಷದ ‘ತ್ರಿಶೂಲ್’ ಚಿತ್ರದಲ್ಲಿ ಮಾಧೋ ಸಿಂಗ್ ಎಂಬ ಗೂಂಡಾ. ಆ ದೃಶ್ಯ ತಮ್ಮಲ್ಲಿ ಅನೇಕರು ನೋಡಿದ್ದೀರಿ. ಅಮಿತಾಭ್ ಬಚ್ಚನ್ನರು ಜಮೀನು ಬಿಡಿಸಲು ಬರುವಾಗ ತಮ್ಮ ಜೊತೆಗೆ ಒಂದು ಆಂಬ್ಯುಲೆನ್ಸ್ ಗಾಡಿಯನ್ನೂ ತಂದು ನಿಲ್ಲಿಸುತ್ತಾರೆ. ಯಾರಿಗಾಗಿ? ತಾನು ಹೊಡೆದು ಉರುಳಿಸಲಿರುವ ಶೆಟ್ಟರಿಗೂ ಅವರ ಆಳುಗಳಿಗೂ. ಜನ ಶಿಳ್ಳೆ ಹೊಡೆದರು. ನಾನೂ ಹೊಡೆದಿದ್ದೇನೆ. ಆದರೆ ಎಂಥ ಹೆಗಲುಳ್ಳ ಮನುಷ್ಯ ಎದುರಿಗೆ ನಿಂತಿದ್ದ ಎಂಬುದರಿಂದಲೇ ಆ ಆಂಬ್ಯುಲೆನ್ಸಿಗೆ ಅರ್ಥ ಬಂತು. ಅಲ್ಲಿ ಒಬ್ಬ ಬಡಕಲು ಮನುಷ್ಯನನ್ನು ನಿಲ್ಲಿಸಿದ್ದರೆ ಅದು ಪೌರುಷವಾಗುತ್ತಿರಲಿಲ್ಲ, ಅನ್ಯಾಯವಾಗಿ ಕಾಣುತ್ತಿತ್ತು.

ಬೀಳುವುದು ಒಂದು ವಿದ್ಯೆ ಎಂದು ನಾನು ತಿಳಿದದ್ದು ಇದೇ ಪುಣೆಯಲ್ಲಿ. ನಮ್ಮ ಊರಿಗೂ ಸಿನಿಮಾಕ್ಕೂ ಹಳೆಯ ನಂಟು. ಪ್ರಭಾತ್ ಕಂಪನಿ ಕೊಲ್ಹಾಪುರದಿಂದ ಇಲ್ಲಿಗೆ ಬಂದದ್ದು 1933ರಲ್ಲಿ. ಅದರ ಜಾಗದಲ್ಲಿಯೇ 1960ರಲ್ಲಿ ಸರಕಾರದ ಫಿಲ್ಮ್ ಇನ್ಸ್ಟಿಟ್ಯೂಟ್ ಆಯಿತು. 1964ರಲ್ಲಿ ಹಳೆಯ ಚಿತ್ರಗಳ ಸುರುಳಿಗಳನ್ನು ಕಾದಿಡುವ ರಾಷ್ಟ್ರೀಯ ಸಂಗ್ರಹಾಲಯವೂ ಇಲ್ಲಿಗೇ ಬಂತು. ಆ ಭಾಗದ ಒಂದು ಹೋಟೆಲಿನಲ್ಲಿ ನಾನು ಮಾಣಿಯಾಗಿದ್ದಾಗ ಆ ಸಂಸ್ಥೆಯ ವಿದ್ಯಾರ್ಥಿಗಳು ಚಹಕ್ಕೆ ಬರುತ್ತಿದ್ದರು. ಅವರಲ್ಲೊಬ್ಬ ಒಮ್ಮೆ ಮೇಜಿನ ಮೇಲೆ ಎರಡು ಗ್ಲಾಸು ಇಟ್ಟು ನನಗೆ ವಿವರಿಸಿದ.

ಹೊಡೆಯುವವನ ಮುಷ್ಟಿ ಹೊಡೆಸಿಕೊಳ್ಳುವವನ ಗಲ್ಲಕ್ಕೆ ತಾಗುವುದೇ ಇಲ್ಲ. ನಡುವೆ ಗೇಣು ಜಾಗ ಇರುತ್ತದೆ. ಕ್ಯಾಮರಾವನ್ನು ಒಬ್ಬನ ಬೆನ್ನ ಹಿಂದೆ ಇಟ್ಟರೆ ಆ ಗೇಣು ಜಾಗ ಕಾಣುವುದಿಲ್ಲ. ಪೆಟ್ಟಿನ ಸದ್ದನ್ನು ಆ ಮೇಲೆ ಸೇರಿಸುತ್ತಾರೆ. ಹಾಗಾದರೆ ಪೆಟ್ಟು ಬಿದ್ದಿತೆಂದು ನಮಗೆ ತೋರಿಸುವವರು ಯಾರು? ಹೊಡೆಸಿಕೊಂಡವನು. ಅವನು ಒಂದು ಕ್ಷಣ ಮುಂಚೆ ತಲೆ ತಿರುಗಿಸಿದರೆ ಸುಳ್ಳು ಕಾಣುತ್ತದೆ, ಒಂದು ಕ್ಷಣ ತಡಮಾಡಿದರೆ ನಾಯಕನ ಕೈಯಲ್ಲಿ ಬಲವಿಲ್ಲವೆಂದು ಕಾಣುತ್ತದೆ. ಬೀಳುವಾಗ ಗದ್ದವನ್ನು ಎದೆಗೆ ಒತ್ತಿ ತಲೆಯನ್ನು ಕಾಪಾಡಬೇಕು, ಭಾರವನ್ನು ಹೆಗಲ ಮೇಲೆ ಉರುಳಿಸಿ ಹಂಚಬೇಕು, ಕೈ ಊರಬಾರದು, ಊರಿದರೆ ಮಣಿಕಟ್ಟು ಮುರಿಯುತ್ತದೆ. ಎತ್ತರದಿಂದ ಬೀಳುವುದಾದರೆ ಕೆಳಗೆ ಖಾಲಿ ರಟ್ಟಿನ ಪೆಟ್ಟಿಗೆ, ಹಾಸಿಗೆ ಜೋಡಿಸುತ್ತಾರೆ. ಇಷ್ಟೆಲ್ಲ ಲೆಕ್ಕ ಇಟ್ಟುಕೊಂಡು, ಮುಖದಲ್ಲಿ ಲೆಕ್ಕವೇ ಇಲ್ಲದ ಹಾಗೆ ಬೀಳಬೇಕು. ಅಂದರೆ ನಾಯಕನ ಶಕ್ತಿಯನ್ನು ನಟಿಸುವವನು ನಾಯಕನಲ್ಲ, ಬೀಳುವವನು!

ಇದನ್ನು ಕೇಳಿದಾಗ ನನಗೆ ಆಶ್ಚರ್ಯವಾಗಲಿಲ್ಲ. ನಾವು ಒಂದು ಕೈಯ ಮೇಲೆ ಆರು ಪ್ಲೇಟು ಜೋಡಿಸಿ, ಒದ್ದೆ ನೆಲದ ಮೇಲೆ, ಜನರ ನಡುವೆ ನುಸುಳಿ ಹೋಗುತ್ತೇವೆ. ಚೆಲ್ಲದಿದ್ದರೆ ಯಾರೂ ನೋಡುವುದಿಲ್ಲ. ಚೆಲ್ಲಿದ ದಿನ ಮಾತ್ರ ಎಲ್ಲರೂ ತಿರುಗಿ ನೋಡುತ್ತಾರೆ. ಗಿರಣಿಯ ಹಿರಿಯರನ್ನು ಕೇಳಿ, ನೂಲು ಹರಿಯದ ದಿನ ಮುಕಾದಮ ಬಂದು ಬೆನ್ನು ತಟ್ಟಿದ್ದುಂಟೆ? ಒಳ್ಳೆಯ ಕೆಲಸ ಕಣ್ಣಿಗೆ ಬೀಳುವುದಿಲ್ಲ. ಕಣ್ಣಿಗೆ ಬೀಳದ್ದಕ್ಕೆ ಬೆಲೆ ಕಟ್ಟುವವರಿಲ್ಲ.

ಶೆಟ್ಟರು 1982ರ ಜನವರಿಯಲ್ಲಿ ತೀರಿಕೊಂಡರು. ಮಗ ರೋಹಿತ್ ಆಗ ಇನ್ನೂ ಪ್ರಾಥಮಿಕ ಶಾಲೆಯ ವಯಸ್ಸಿನ ಹುಡುಗ. ತಂದೆ ಹೋದ ಮೇಲೆ ಮನೆ ಕಷ್ಟಕ್ಕೆ ಬಿದ್ದದ್ದನ್ನು, ಮಲಾಡಿನಿಂದ ಅಂಧೇರಿಯ ಸ್ಟುಡಿಯೋಗೆ ನಡೆದು ಹೋಗುತ್ತಿದ್ದುದನ್ನು ಆ ಮಗನೇ ದೊಡ್ಡವರಾದ ಮೇಲೆ ಹೇಳಿಕೊಂಡಿದ್ದಾರೆ. ಇಷ್ಟು ಚಿತ್ರಗಳಲ್ಲಿ ಇಷ್ಟು ನಾಯಕರನ್ನು ಬಲಶಾಲಿಗಳೆಂದು ತೋರಿಸಿದ ಮನುಷ್ಯನ ಮನೆಯಲ್ಲಿ ಆ ಬಲದ ಪಾಲು ಉಳಿಯಲಿಲ್ಲ.

ಮಗ 1991ರ ‘ಫೂಲ್ ಔರ್ ಕಾಂಟೆ’ ಚಿತ್ರದಲ್ಲಿ ಸಹಾಯಕರಾಗಿ ದುಡಿದು, 2003ರಲ್ಲಿ ನಿರ್ದೇಶಕರಾದರು. 2011ರಲ್ಲಿ ‘ಸಿಂಘಂ’ ಮಾಡಿದರು. 2018ರಲ್ಲಿ ಆ ಪೊಲೀಸು ನಾಯಕನೇ ಮಕ್ಕಳ ಟೆಲಿವಿಷನ್ನಿಗೆ ‘ಲಿಟಲ್ ಸಿಂಘಂ’ ಎಂಬ ವ್ಯಂಗ್ಯಚಿತ್ರದ ಪುಟ್ಟ ಮಹಾವೀರನಾಗಿ ಬಂದ. ನಮ್ಮ ಚಾಳಿನ ಮಕ್ಕಳು ಜಪಾನಿನ ಸವಾರನನ್ನೂ ನೋಡುತ್ತಾರೆ, ಈ ಪುಟ್ಟ ವೀರನನ್ನೂ ನೋಡುತ್ತಾರೆ. ಆ ಪುಟ್ಟ ವೀರನ ಹಿಂದಿನ ತಲೆಮಾರಿನಲ್ಲಿ ನಮ್ಮ ಹಾಗೆ ತಟ್ಟೆ ಎತ್ತಿದ ಒಬ್ಬ ಶೆಟ್ಟರಿದ್ದರು ಎಂದು ಆ ಮಕ್ಕಳಿಗೆ ಹೇಳುವ ಕೆಲಸ ನಮ್ಮದು.

ಆದರೆ ಈ ಮಾತನ್ನು ಹೇಳುವಾಗ ಎಚ್ಚರಿಕೆ ಬೇಕು. ಒಬ್ಬರ ಮಗ ಮೇಲೆ ಬಂದರು ಎಂಬುದು ಸಂತೋಷದ ಮಾತು. ಹಾಗೆ ಬಾರದ ಮಕ್ಕಳೇ ಹೆಚ್ಚು. ‘ಕಷ್ಟಪಟ್ಟರೆ ಎಲ್ಲರೂ ಮೇಲೆ ಬರುತ್ತಾರೆ’ ಎಂದು ಹೇಳಿ ಕೈ ತೊಳೆದುಕೊಳ್ಳುವವರ ಮಾತಿಗೆ ನಾವು ಮರುಳಾಗಬಾರದು. ಕಷ್ಟಪಡದವರು ಯಾರು, ಈ ಸಭೆಯಲ್ಲಿ?

ಅದೇ 1982ರ ಜುಲೈ ತಿಂಗಳಲ್ಲಿ ಬೆಂಗಳೂರಿನಲ್ಲಿ ‘ಕೂಲಿ’ ಚಿತ್ರದ ಚಿತ್ರೀಕರಣ ನಡೆಯುತ್ತಿತ್ತು. ಒಂದು ಹೊಡೆದಾಟದಲ್ಲಿ ಅಮಿತಾಭ್ ಬಚ್ಚನ್ನರಿಗೆ ಹೊಟ್ಟೆಯೊಳಗೆ ಭಾರಿ ಪೆಟ್ಟಾಯಿತು. ಪ್ರಾಣಕ್ಕೇ ಸಂಚಕಾರ ಬಂತು. ದೇಶವೆಲ್ಲ ಗುಡಿ ಮಸೀದಿಗಳಲ್ಲಿ ಹರಕೆ ಹೊತ್ತಿತು. ಅವರು ಬದುಕಿ ಬಂದರು. ಅದು ಒಳ್ಳೆಯದಾಯಿತು, ಯಾವ ಮನುಷ್ಯನ ಜೀವವೂ ಅಗ್ಗವಲ್ಲ. 1983ರಲ್ಲಿ ಚಿತ್ರ ಬಿಡುಗಡೆಯಾದಾಗ ಆ ಪೆಟ್ಟು ಬಿದ್ದ ಜಾಗದಲ್ಲಿ ಚಿತ್ರವನ್ನು ಒಂದು ಕ್ಷಣ ನಿಲ್ಲಿಸಿ, ಪೆಟ್ಟಾದದ್ದು ಇಲ್ಲಿ ಎಂದು ಅಕ್ಷರಗಳಲ್ಲಿ ತೋರಿಸಿದರು. ಎದುರಿಗೆ ಇದ್ದ ನಟ ಪುನೀತ್ ಇಸ್ಸಾರರು ಹೇಳಿಕೊಟ್ಟ ಹಾಗೆ ಕೆಲಸ ಮಾಡಿದವರು. ಆದರೂ ಜನ ಅವರನ್ನು ನಿಜವಾದ ಖಳನೆಂದು ಕಂಡರು. ಆ ಮೇಲೆ ಕೈಯಲ್ಲಿದ್ದ ಹಲವು ಚಿತ್ರಗಳು ತಪ್ಪಿ ಹೋದವೆಂದು ಅವರೇ ಹೇಳಿದ್ದಾರೆ. 1988ರಲ್ಲಿ ಟೆಲಿವಿಷನ್ನಿನ ‘ಮಹಾಭಾರತ’ದಲ್ಲಿ ದುರ್ಯೋಧನನಾದ ಮೇಲೆಯೇ ಅವರ ಹೆಸರು ಮನೆಮನೆಗೆ ಮುಟ್ಟಿತು.

ನಾಯಕನಿಗೆ ಪೆಟ್ಟಾದಾಗ ಚಿತ್ರ ನಿಂತಿತು. ಬೀಳುವವನು ಪೆಟ್ಟು ತಿಂದಾಗ ಯಾವ ಚಿತ್ರ ನಿಂತಿದೆ?

2016ರ ನವೆಂಬರ್ 7ರಂದು ನಮ್ಮ ಕನ್ನಡದಲ್ಲಿಯೇ ನಡೆದದ್ದನ್ನು ತಾವು ಮರೆತಿರಲಾರಿರಿ. ಬೆಂಗಳೂರಿನ ಹತ್ತಿರ ತಿಪ್ಪಗೊಂಡನಹಳ್ಳಿಯ ಜಲಾಶಯದಲ್ಲಿ ‘ಮಾಸ್ತಿಗುಡಿ’ ಚಿತ್ರದ ಕೊನೆಯ ದೃಶ್ಯ. ಖಳ ಪಾತ್ರಗಳನ್ನು ಮಾಡುತ್ತಿದ್ದ ಅನಿಲ್, ಉದಯ್ ಎಂಬ ಇಬ್ಬರು ಯುವಕರು ಹೆಲಿಕಾಪ್ಟರಿನಿಂದ ನೀರಿಗೆ ಹಾರಿದರು. ನಾಯಕನೂ ಹಾರಿದರು. ನಾಯಕ ದಡ ಸೇರಿದರು. ಇವರಿಬ್ಬರು ಮುಳುಗಿದರು. ಮೈಮೇಲೆ ಜೀವರಕ್ಷಕ ಜಾಕೆಟ್ ಇರಲಿಲ್ಲ. ಈಜು ಅಷ್ಟಾಗಿ ಬಾರದೆಂದು ಹಾರುವ ಮುಂಚೆ ಅವರೇ ಹೇಳಿದ್ದು ಪತ್ರಿಕೆಗಳಲ್ಲಿ ಬಂತು. ಬಾರದೆಂದು ಹೇಳಿದ ಮೇಲೂ ಏಕೆ ಹಾರಿದರು ಎಂದು ಕೆಲವರು ಕೇಳಿದರು. ಹೋಟೆಲಿನಲ್ಲಿ ದುಡಿದವನು ಈ ಪ್ರಶ್ನೆ ಕೇಳಲಾರ. ಹಾರದಿದ್ದರೆ ನಾಳೆ ಕರೆಯುವುದಿಲ್ಲ. ಹಾರಿಸಿದ್ದು ಧೈರ್ಯವಷ್ಟೇ ಅಲ್ಲ, ನಾಳೆಯ ಚಿಂತೆ ಕೂಡ. 2025ರ ಜುಲೈಯಲ್ಲಿ ತಮಿಳುನಾಡಿನ ನಾಗಪಟ್ಟಣ ಜಿಲ್ಲೆಯಲ್ಲಿ ಕಾರು ಹಾರಿಸುವ ದೃಶ್ಯದಲ್ಲಿ ಎಸ್. ಎಂ. ರಾಜು ಎಂಬ ಅನುಭವಿ ಸಾಹಸ ಕಲಾವಿದರೂ ಪ್ರಾಣ ಬಿಟ್ಟರು.

ಕಾನೂನು ಇಲ್ಲವೆ? ಇದೆ. 1981ರಲ್ಲಿ ಪಾರ್ಲಿಮೆಂಟು ಸಿನಿಮಾ ಕಾರ್ಮಿಕರಿಗಾಗಿ ಕಾಯಿದೆಗಳನ್ನು ಮಾಡಿತು. ಲಿಖಿತ ಕರಾರು ಇಲ್ಲದೆ ಸಿನಿಮಾ ಕಾರ್ಮಿಕನನ್ನು ಕೆಲಸಕ್ಕೆ ಹಚ್ಚಕೂಡದು ಎಂಬುದು ಅದರಲ್ಲಿ ಒಂದು. ಅವರ ಕ್ಷೇಮಕ್ಕಾಗಿ ಒಂದು ನಿಧಿಯೂ ಆಯಿತು. 2020ರಲ್ಲಿ ಮಾಡಿದ ಹೊಸ ಕಾರ್ಮಿಕ ಸಂಹಿತೆಗಳಲ್ಲಿ ಆ ಹಳೆಯ ಕಾಯಿದೆಗಳನ್ನು ಸೇರಿಸಿದರು. ಶೆಟ್ಟರು ಬಿದ್ದು ಎದ್ದು ದುಡಿದ ಕಾಲವೆಲ್ಲ ಕಳೆದ ಮೇಲೆ ಬಂದ ಕಾನೂನು. ಬಂದ ಮೇಲೂ ತಿಪ್ಪಗೊಂಡನಹಳ್ಳಿ ನಡೆಯಿತು. ಕಾಗದದ ಮೇಲಿನ ಕಾನೂನು ನೀರಿನಲ್ಲಿ ತೇಲಿಸುವುದಿಲ್ಲ. ಅದನ್ನು ಜಾರಿಗೆ ತರಲು ಎದ್ದು ನಿಂತು ಕೇಳುವ ಜನ ಬೇಕು.

2017ರಲ್ಲಿ ನಟ ಅಕ್ಷಯ್ ಕುಮಾರ್ ಮುಂದೆ ನಿಂತು ಸಾಹಸ ಕಲಾವಿದರಿಗೆ ವಿಮೆಯ ಏರ್ಪಾಡು ಮಾಡಿಸಿದರು. ಒಳ್ಳೆಯ ಕೆಲಸ, ನೂರಾರು ಸಂಸಾರಗಳಿಗೆ ಆಧಾರವಾಯಿತು. ನಾನು ಅದನ್ನು ಹಳಿಯುವುದಿಲ್ಲ. ಆದರೆ ಬಂಧುಗಳೆ, ಒಬ್ಬ ದೊಡ್ಡ ಮನುಷ್ಯನ ಮನಸ್ಸು ಒಳ್ಳೆಯದಿದ್ದರೆ ಸಿಗುವುದು, ಇಲ್ಲದಿದ್ದರೆ ಸಿಗದು ಎಂದಾದರೆ ಅದಕ್ಕೆ ದಾನವೆಂದು ಹೆಸರು. ದಾನ ಬೇಡವೆನ್ನಲಾಗದು, ಅದನ್ನು ನಂಬಿ ಸಂಸಾರ ಕಟ್ಟಲೂ ಆಗದು. ದೀಪಾವಳಿಯ ದಿನ ಧಣಿ ಕೊಡುವ ಮಿಠಾಯಿ ಪೆಟ್ಟಿಗೆ ಬೇರೆ, ನಮ್ಮ ಬೋನಸ್ಸು ಬೇರೆ.

ಈಗ ನಾನು ಹೇಳಿದ ಹಾಗೆ ಹಾಜರಿ ಪುಸ್ತಕಕ್ಕೆ ಬರುತ್ತೇನೆ.

ನಾನು ಹದಿನೆಂಟರ ಹುಡುಗನಾಗಿದ್ದಾಗ ಒಂದು ಹೋಟೆಲಿನ ಅಡಿಗೆ ಮನೆಯಲ್ಲಿದ್ದೆ. ಹೋಟೆಲಿನ ಹೆಸರು ಬೇಡ. ನನ್ನ ಜೊತೆಗೆ ಕುಂದಾಪುರದ ಕಡೆಯ ಒಬ್ಬ ಹುಡುಗ, ನನ್ನದೇ ಪ್ರಾಯ. ಒಂದು ಬೆಳಿಗ್ಗೆ ಸಾಂಬಾರಿನ ಪಾತ್ರೆಯನ್ನು ಇಬ್ಬರು ಎತ್ತಬೇಕಾದಲ್ಲಿ ಅವನೊಬ್ಬನೇ ಎತ್ತಿದ. ನೆಲದಲ್ಲಿ ಎಣ್ಣೆ ಚೆಲ್ಲಿತ್ತು. ಜಾರಿದ. ಬೀಳುವ ವಿದ್ಯೆ ಅವನಿಗೆ ಯಾರೂ ಕಲಿಸಿರಲಿಲ್ಲ, ಕೆಳಗೆ ರಟ್ಟಿನ ಪೆಟ್ಟಿಗೆಯೂ ಇರಲಿಲ್ಲ. ಸೊಂಟದಿಂದ ಮೊಣಕಾಲಿನವರೆಗೆ ಬೆಂದು ಹೋಯಿತು. ನಾವು ಮೂವರು ರಿಕ್ಷಾದಲ್ಲಿ ಹಾಕಿಕೊಂಡು ಆಸ್ಪತ್ರೆಗೆ ಒಯ್ದೆವು. ಅಲ್ಲಿ ಕಾಗದ ಬರೆಯುವವರು ಕೇಳಿದರು: ಎಲ್ಲಿ ಕೆಲಸ? ಹಿಂದೆಯೇ ಬಂದಿದ್ದ ಮಾಲೀಕರು ನಮಗಿಂತ ಮುಂಚೆ ಉತ್ತರ ಕೊಟ್ಟರು: ಕೆಲಸದವನಲ್ಲ, ಊರಿನಿಂದ ನೋಡಿ ಹೋಗಲು ಬಂದ ನೆಂಟ.

ಮೂರು ವರ್ಷ ದುಡಿದ ಹುಡುಗ ಒಂದು ಮಾತಿನಲ್ಲಿ ನೆಂಟನಾದ! ಹಾಜರಿ ಪುಸ್ತಕ ತೆಗೆದು ನೋಡಿದರೆ ಅವನ ಹೆಸರು ಇರಲಿಲ್ಲ. ನನ್ನ ಹೆಸರೂ ಇರಲಿಲ್ಲ. ಹನ್ನೊಂದು ಮಂದಿ ದುಡಿಯುವ ಹೋಟೆಲಿನ ಪುಸ್ತಕದಲ್ಲಿ ನಾಲ್ಕು ಹೆಸರು. ನಾನು ಅಂದು ಬಾಯಿ ತೆರೆಯಲಿಲ್ಲ. ನಾಳೆಯ ಚಿಂತೆ ನನಗೂ ಇತ್ತು. ಹುಡುಗ ಬದುಕಿದ, ಊರಿಗೆ ಹೋದ, ಮತ್ತೆ ಬರಲಿಲ್ಲ. ಅವನ ತಾಯಿ ಒಂದು ಕಾಗದ ಬರೆಸಿದ್ದರು, ಮಗನಿಗೆ ಬರಬೇಕಾದ ಹಣ ಏನಾದರೂ ಉಂಟೋ ಎಂದು. ಆ ಕಾಗದಕ್ಕೆ ಉತ್ತರ ಬರೆಯಲು ನನಗೆ ಇಂದಿಗೂ ಆಗಿಲ್ಲ. ಮುಂದೆ ನಾನು ಸಂಘದ ಕೆಲಸಕ್ಕೆ ಇಳಿದದ್ದು ಯಾವ ದೊಡ್ಡ ಪುಸ್ತಕ ಓದಿ ಅಲ್ಲ, ಆ ಕಾಗದಕ್ಕೆ ಹೆದರಿ.

ಆದ್ದರಿಂದ ಜಪಾನಿನ ನಟನ ಹೆಸರೇನು ಎಂದು ಆ ಹುಡುಗನನ್ನು ನಾನು ಕೇಳಿದ್ದು ಬರಿಯ ಕುತೂಹಲಕ್ಕಲ್ಲ. ಹೆಸರು ಬರೆದಿದ್ದರೆ ಅವನು ಕೆಲಸಗಾರ, ಬರೆಯದಿದ್ದರೆ ನೆಂಟ. ಸಿನಿಮಾದಲ್ಲಿಯೂ ಅಷ್ಟೆ, ಹೋಟೆಲಿನಲ್ಲಿಯೂ ಅಷ್ಟೆ. ಹೆಸರು ಪುಸ್ತಕಕ್ಕೆ ಬಂದ ಮೇಲೆಯೇ ಪಗಾರದ ಲೆಕ್ಕ, ರಜೆಯ ಲೆಕ್ಕ, ಭವಿಷ್ಯನಿಧಿ, ಇ.ಎಸ್.ಐ. ಆಸ್ಪತ್ರೆ, ಬಿದ್ದರೆ ಪರಿಹಾರ. ಹೆಸರೇ ಇಲ್ಲದಿದ್ದರೆ ಇವು ಒಂದೂ ಇಲ್ಲ.

ಈ ವರ್ಷ ಸಂಘದ ಮುಂದೆ ನಾನು ಮೂರು ಕೆಲಸ ಇಡುತ್ತೇನೆ. ಮೊದಲನೆಯದು, ನಮ್ಮ ಸದಸ್ಯರಿರುವ ಪ್ರತಿಯೊಂದು ಹೋಟೆಲಿನಲ್ಲಿ ಹಾಜರಿ ಪುಸ್ತಕದಲ್ಲಿ ಎಷ್ಟು ಹೆಸರಿದೆ, ಅಡಿಗೆ ಮನೆಯಲ್ಲಿ ಎಷ್ಟು ತಲೆ ಇದೆ ಎಂದು ಎಣಿಸಿ ತರುವುದು. ಜಗಳ ಬೇಡ, ಬರಿಯ ಎಣಿಕೆ. ಎರಡು ಅಂಕೆ ಬೇರೆ ಬೇರೆಯಾದಲ್ಲಿ ಸಂಘದವರು ಮಾಲೀಕರ ಜೊತೆ ಕುಳಿತು ಮಾತನಾಡುತ್ತೇವೆ. ನಮ್ಮ ಧಣಿಗಳಲ್ಲಿ ಅನೇಕರು ಒಂದು ಕಾಲಕ್ಕೆ ತಾವೇ ತಟ್ಟೆ ಎತ್ತಿದವರು, ಆ ನೆನಪು ಅವರಿಗೆ ಇದ್ದೇ ಇದೆ. ಮಾತಿಗೆ ಬಗ್ಗದವರಿದ್ದರೆ ಕಾರ್ಮಿಕ ಇಲಾಖೆಯ ಬಾಗಿಲು ನಮಗೆ ಗೊತ್ತು. ಎರಡನೆಯದು, ಪ್ರತಿಯೊಬ್ಬನ ಕೈಯಲ್ಲಿ ನೇಮಕದ ಕಾಗದ, ಕಾನೂನು ಅನ್ವಯಿಸುವಲ್ಲೆಲ್ಲ ಇ.ಎಸ್.ಐ. ಚೀಟಿ. ಮೂರನೆಯದು, ದೊಡ್ಡ ಪಾತ್ರೆಯನ್ನು ಒಬ್ಬನೇ ಎತ್ತಕೂಡದು ಎಂಬ ನಿಯಮ. ಇದಕ್ಕೆ ಸರಕಾರ ಬೇಡ, ಮಾಲೀಕರೂ ಬೇಡ. ನಾವು ನಾವೇ ಮಾಡಿಕೊಳ್ಳತಕ್ಕದ್ದು. ಪಕ್ಕದವನು ಒಬ್ಬನೇ ಎತ್ತುವುದನ್ನು ಕಂಡೂ ನೀವು ಸುಮ್ಮನಿದ್ದರೆ ನಾಳೆ ಅವನನ್ನು ರಿಕ್ಷಾಕ್ಕೆ ಎತ್ತಬೇಕಾದವರು ನೀವೇ.

ಕೊನೆಗೆ ಒಂದು ಚಿಕ್ಕ ಬಿನ್ನಹ. ಇನ್ನು ಮೇಲೆ ಮಕ್ಕಳ ಜೊತೆ ಕುಳಿತು ಸಿನಿಮಾ, ಧಾರಾವಾಹಿ ನೋಡುವಾಗ ಮುಗಿದ ಕೂಡಲೇ ಎದ್ದು ಹೋಗಬೇಡಿ. ಕೊನೆಯಲ್ಲಿ ಹೆಸರುಗಳು ಸಾಲಾಗಿ ಬರುತ್ತವೆ. ಅಡಿಗೆಯವರು, ದೀಪ ಹಿಡಿದವರು, ಬಟ್ಟೆ ಹೊಲಿದವರು, ಹೊಡೆದಾಡಿದವರು, ಬಿದ್ದವರು. ಶೆಟ್ಟರ ಕಾಲದಲ್ಲಿ ಆ ಪಟ್ಟಿ ಬಹಳ ಚಿಕ್ಕದಿತ್ತು, ಅದು ಉದ್ದವಾದದ್ದು ತಾನಾಗಿಯೇ ಅಲ್ಲ. ಎರಡು ನಿಮಿಷ ಕುಳಿತು ಮಕ್ಕಳ ಕೈಯಲ್ಲಿ ಒಂದಷ್ಟು ಹೆಸರು ಓದಿಸಿ. ಹೆಸರು ಓದಿ ಅಭ್ಯಾಸವಾದ ಮಗು ನಾಳೆ ತಾನು ಕೆಲಸಕ್ಕೆ ಸೇರಿದ ದಿನ, ‘ನನ್ನ ಹೆಸರು ಬರೆದಿರಾ?’ ಎಂದು ಹೆದರದೆ ಕೇಳೀತು.

ಎಣಿಕೆಯ ಚೀಟಿಗಳನ್ನು ಬಾಗಿಲಿನ ಹತ್ತಿರ ಮೇಜಿನ ಮೇಲೆ ಇಟ್ಟಿದೆ. ಹೋಗುವಾಗ ಒಂದೊಂದು ತೆಗೆದುಕೊಂಡು ಹೋಗಿ, ಬರುವ ತಿಂಗಳ ಸಭೆಗೆ ತುಂಬಿ ತನ್ನಿ.